ಪೂರ್ವದ ಗೋಡೆಯ ದುಪ್ಪಟಿ

ಪಿಕೊ ದ್ವೀಪ
ಆಗಸ್ಟ್ ೧೯೮೪

ಜುಲ್ಮಿರಾ, ನನ್ನ ಜೀವದ ಗೆಳತಿ,

ಈ ಕಾಗದವನ್ನು ನಿಂತು ಓದಬೇಡ, ಕೂತುಕೊಂಡು ಓದು. ಪ್ರತಿ ಕ್ರಿಸ್‌ಮಸ್ಸಿಗೆ ನಾನು ಬರೆಯುವ ಕಾಗದದ ಹಾಗೆ ಇದರಲ್ಲಿ ಯಾರ ಮಗಳ ಮದುವೆಯಾಯಿತು, ಯಾರ ಮನೆಯ ಹಸು ಕರು ಹಾಕಿತು ಎಂಬ ಸುದ್ದಿಯಿಲ್ಲ. ಮೂವತ್ತು ವರ್ಷ ಅಂಥ ಸುದ್ದಿಗಳನ್ನೇ ಹುಡುಕಿ ಹುಡುಕಿ ಟೊರಾಂಟೊಗೆ ಕಳಿಸಿದೆ. ಹೇಳಬೇಕಾದ ಒಂದೇ ಒಂದು ಮಾತು ಬಿಟ್ಟು ಊರಿನದೆಲ್ಲ ಹೇಳಿದೆ. ಅಕ್ಷರ ಸೊಟ್ಟಗಿದ್ದರೆ ವಯಸ್ಸಾಯಿತು ಎಂದುಕೊಳ್ಳಬೇಡ. ಹೆದರಿಕೆ.

ನಿನ್ನ ಅಪ್ಪ ತೊಮೆ ಮಾವ ದ್ರಾಕ್ಷಿ ಕೊಯ್ಲಿನವರೆಗೆ ಇದ್ದರೆ ಹೆಚ್ಚು ಎಂದು ಡಾಕ್ಟರು ಹೇಳಿದ್ದಾರೆ. ಕೊಯ್ಲಿಗೆ ಉಳಿದಿರುವುದು ಐದು ವಾರ. ಅವರಿಗೆ ಹುಷಾರಿಲ್ಲವೆಂದು ಈಸ್ಟರ್ ಮುಗಿದಾಗಲೇ ನಿನಗೆ ಬರೆದಿದ್ದೆ. ನೀನು ಒಂದು ಸಾಲಿನ ಉತ್ತರ ಹಾಕಿದೆ. "ಆ ಮನುಷ್ಯನ ಸುದ್ದಿ ನನಗೆ ಬೇಡ ಲಿಂಡಾ, ಅವನ ಕಣ್ಣು ನನ್ನ ಗಂಡನ್ನ ತಿಂತು." ಆ ಸಾಲನ್ನು ಓದಿ ಮಡಿಸಿ ಹಿಟ್ಟಿನ ಡಬ್ಬಿಯ ಕೆಳಗೆ ಇಟ್ಟೆ. ಪ್ರತಿದಿನ ರೊಟ್ಟಿಗೆ ಮೆಕ್ಕೆಜೋಳದ ಹಿಟ್ಟು ತೆಗೆಯುವಾಗ ಅದು ಅಲ್ಲೇ ಇರುತ್ತದೆ. ಜುಲ್ಮಿರಾ, ಆ ದಿನ ತಪ್ಪಿದ್ದು ತೊಮೆ ಮಾವನ ಕಣ್ಣಲ್ಲ. ಮೊದಲಿನಿಂದ ಹೇಳುತ್ತೇನೆ. ನಡುವಿನಿಂದ ಹೇಳಹೊರಟರೆ ಈಗಲೂ ಎಲ್ಲಾದರೂ ನುಣುಚಿಕೊಂಡುಬಿಡುತ್ತೇನೆ, ನನ್ನ ಬುದ್ಧಿ ನನಗೆ ಗೊತ್ತು.

ನಾನು ಎದುರಿನ ದ್ವೀಪದವಳು, ಹಸು ಕಾಯುವವರ ಮನೆಯ ಹುಡುಗಿ. ಚೀಸ್ ಮಾಡುವುದು ಬರುತ್ತಿತ್ತು, ಸಮುದ್ರ ಬರುತ್ತಿರಲಿಲ್ಲ. ಬೆಲ್ಮಿರೊನನ್ನು ಮದುವೆಯಾಗಿ ಇಲ್ಲಿಗೆ ಬಂದಾಗ ಅವನೂ ದ್ರಾಕ್ಷಿ ತೋಟದವನೇ, ವರ್ಷಕ್ಕೆ ನಾಲ್ಕಾರು ಸಲ ದೋಣಿ ಹತ್ತುತ್ತಾನೆ ಅಷ್ಟೇ ಎಂದು ನಂಬಿಸಿದ್ದರು. ಬಂದ ಎಂಟನೇ ದಿನಕ್ಕೆ ಗುಡ್ಡದ ಮೇಲಿನ ಕಾವಲು ಗೂಡಿನಿಂದ ನಿನ್ನ ಅಪ್ಪ ತಿಮಿಂಗಿಲ ಕಂಡು ಗರ್ನಾಲು ಸಿಡಿಮದ್ದು ಹಾರಿಸಿದರು. ಬೆಲ್ಮಿರೊ ಗುದ್ದಲಿಯನ್ನು ಬಿಟ್ಟಲ್ಲೇ ಬಿಟ್ಟು ಓಡಿದ. ಪಾದ್ರಿಯ ಮುಂದೆ ಮಂಡಿಯೂರಿದ್ದವನೂ ಎದ್ದು ಓಡಿದ. ಹೆಂಗಸರು ರೊಟ್ಟಿಯ ಗಂಟು ಹಿಡಿದು ಹಿಂದೆ ಓಡಿದರು. ನಾನು ಮಾತ್ರ ಬಾಗಿಲಲ್ಲಿ ಬೆಪ್ಪಾಗಿ ನಿಂತಿದ್ದೆ. ಆಗ ನೀನು ಬಂದು ನನ್ನ ಕೈ ಹಿಡಿದೆ. "ಬಾರೇ, ಮೊದಲನೇ ಸಲ ಎಲ್ಲರಿಗೂ ಹಿಂಗೇ ಆಗತ್ತೆ," ಎಂದೆ. ನನಗೆ ಎರಡನೇ ಸಲವೂ ಹಾಗೇ ಆಯಿತು, ಇಪ್ಪತ್ತನೇ ಸಲವೂ ಹಾಗೇ ಆಯಿತು. ಅದನ್ನು ನಿನಗೂ ಹೇಳಲಿಲ್ಲ. ಈ ಊರಿನಲ್ಲಿ ಹೆಂಗಸರು ಹೆದರುವುದಿಲ್ಲ, ಹೆದರಿದರೂ ಹೇಳುವುದಿಲ್ಲ ಎಂದು ಅಷ್ಟರಲ್ಲಿ ಕಲಿತಿದ್ದೆ.

ಬಟ್ಟೆಯ ಭಾಷೆ ಕಲಿಸಿದವಳು ನೀನೇ. ನಿಮ್ಮ ಮನೆಯ ಮೆಟ್ಟಿಲ ಮೇಲೆ ಕೂತು ಅಂಜೂರ ತಿನ್ನುತ್ತಾ, ಸಿಪ್ಪೆಯನ್ನು ಕೋಳಿಗೆ ಎಸೆಯುತ್ತಾ ಹೇಳಿಕೊಟ್ಟೆ. ದೋಣಿಯಲ್ಲಿ ಕೂತವರಿಗೆ ಅಲೆಗಳ ನಡುವೆ ತಿಮಿಂಗಿಲ ಕಾಣುವುದಿಲ್ಲ, ಗುಡ್ಡದ ಮೇಲಿನವರಿಗೆ ಕಾಣುತ್ತದೆ. ಅದಕ್ಕೆ ಕಾವಲಿನವರು ಕಪ್ಪು ಕಲ್ಲಿನ ಗೋಡೆಯ ಮೇಲೆ ಬಿಳಿ ದುಪ್ಪಟಿ ಹಾಸುತ್ತಾರೆ. ಗೂಡಿನ ಪಶ್ಚಿಮದ ಗೋಡೆಗೆ ಹಾಸಿದರೆ ಪಶ್ಚಿಮಕ್ಕೆ ಹೋಗಿ, ಪೂರ್ವದ ಕಡೆ ಹಾಸಿದರೆ ಪೂರ್ವಕ್ಕೆ. ಎರಡನ್ನು ಜೋಡಿಯಾಗಿ ಒಂದೇ ಗೋಡೆಗೆ ಹಾಸಿದರೆ ಹತ್ತಿರದಲ್ಲೇ ಇದೆ, ನೇರ ಬನ್ನಿ. "ನಿಮ್ಮನೆ ಗೂಡಿನ ಕೆಳಗೇ, ಪೂರ್ವಕ್ಕೆ ಇದೆ ನೋಡು," ಎಂದು ನೀನು ನನ್ನ ತಲೆಗೆ ಮೊಟಕಿದ್ದೆ. "ಗರ್ನಾಲು ಹಾರಿದ ದಿನ ನಿನ್ನ ಗಂಡನ ಅಂಗೀನೂ ಆ ಗೋಡೆ ಮೇಲೆ ಒಣಗಿಸಬೇಡ ಕಣೇ. ನಮ್ಮಪ್ಪ ಬಂದು ನಿನ್ನನ್ನೇ ಒಣಗಿಸ್ತಾನೆ." ಇಬ್ಬರೂ ಎಷ್ಟು ನಕ್ಕಿದ್ದೆವು.

ಮುಂದಿನ ಬೇಸಿಗೆ ನಾನು ಆರು ತಿಂಗಳ ಬಸುರಿ. ಆ ವಾರವೇ ಪಕ್ಕದ ಊರಿನ ದೋಣಿಯೊಂದನ್ನು ನಮ್ಮ ಬಂದರಿಗೆ ಎಳೆದು ತಂದಿದ್ದರು. ನೀನೂ ನೋಡಿದೆ. ಮೂತಿಯೇ ಇರಲಿಲ್ಲ ಅದಕ್ಕೆ. ಉಳಿದ ಹಲಗೆಯಲ್ಲಿ ತಿಮಿಂಗಿಲದ ಹಲ್ಲಿನ ತೂತುಗಳಿದ್ದವು, ನನ್ನ ಮುಷ್ಟಿ ಅದರೊಳಗೆ ಸರಾಗ ಹೋಯಿತು. ಬೆಲ್ಮಿರೊ ಕೂರುತ್ತಿದ್ದುದು ಮುಂದಿನ ಹುಟ್ಟಿಗೆ, ಅದೇ ಮೂತಿಯ ಪಕ್ಕದಲ್ಲಿ. ಮನೆಯ ದೀಪದಲ್ಲಿ ಉರಿಯುತ್ತಿದ್ದದ್ದು ತಿಮಿಂಗಿಲದ ಎಣ್ಣೆ. ಆ ವಾರವೆಲ್ಲ ದೀಪ ಹಚ್ಚುವಾಗ, ಅದು ತನ್ನ ಎಣ್ಣೆಯ ಲೆಕ್ಕ ಕೇಳಲು ಬರುತ್ತದೆ ಎಂದೇ ನನಗೆ ಅನ್ನಿಸುತ್ತಿತ್ತು.

ಆ ಬೆಳಿಗ್ಗೆ ಗರ್ನಾಲು ಹಾರಿತು. ಎರಡು ದೋಣಿ ಹೊರಟವು. ಮುಂದಿನದರಲ್ಲಿ ಈಟಿ ಹಿಡಿದು ನಿನ್ನ ಎವಾರಿಸ್ತೊ, ಹಿಂದಿನದರಲ್ಲಿ ನನ್ನ ಬೆಲ್ಮಿರೊ. ಎರಡನ್ನೂ ಎಳೆದುಕೊಂಡು ಹೋದ ಯಂತ್ರದ ದೋಣಿ, ಸದ್ದಿಗೆ ತಿಮಿಂಗಿಲ ಬೆದರಬಾರದೆಂದು ದೂರದಲ್ಲೇ ನಿಂತಿತು. ತೊಮೆ ಮಾವ ಪಶ್ಚಿಮದ ಗೋಡೆಗೆ ದುಪ್ಪಟಿ ಹಾಸಿದರು. ಸರಿಯಾಗೇ ಹಾಸಿದರು, ಜುಲ್ಮಿರಾ. ಪಶ್ಚಿಮದಲ್ಲೇ ಅದು ಎದ್ದಿತ್ತು. ನನ್ನ ಅಂಗಳದಿಂದಲೇ ನನಗೆ ಅದರ ಉಸಿರಿನ ಆವಿ ಕಂಡಿತು.

ನಾನು ಒಳಗೆ ಹೋದೆ. ಪೆಟ್ಟಿಗೆ ತೆರೆದು ಮದುವೆಗೆ ಅಮ್ಮ ಕೊಟ್ಟ ದುಪ್ಪಟಿಯನ್ನು ತೆಗೆದೆ, ಅಂಚಿಗೆ ನೀಲಿ ದಾರದಲ್ಲಿ ಬಳ್ಳಿ ಹಾಕಿದ್ದು. ಅದನ್ನು ತಂದು ನಮ್ಮ ಪೂರ್ವದ ಗೋಡೆಯ ಮೇಲೆ ಹಾಸಿದೆ. ಒಣಗಿಸಲಿಕ್ಕಲ್ಲ. ಅದು ಒದ್ದೆಯೇ ಇರಲಿಲ್ಲ. ಬೆಲ್ಮಿರೊನ ದೋಣಿ ತಿರುಗಲಿ ಎಂದು ಹಾಸಿದೆ.

ಬರೆದುಬಿಟ್ಟೆ. ಈಗ ಸ್ವಲ್ಪ ಎದ್ದು ನೀರು ಕುಡಿದು ಬಂದೆ.

ಹಿಂದಿನ ದೋಣಿಯ ಚುಕ್ಕಾಣಿ ಹಿಡಿದಿದ್ದ ಸಿಲ್ವಿನೊ ತಿರುಗಿ ನೋಡಿದಾಗ ಅವನಿಗೆ ಗುಡ್ಡದ ಮೇಲೆ ಎರಡು ಕಡೆ ಬಿಳುಪು ಕಂಡಿತು. ಪೂರ್ವದಲ್ಲೂ ಒಂದು ಎದ್ದಿದೆ, ಮುಂದಿನವರು ಪಶ್ಚಿಮದ್ದನ್ನು ನೋಡಿಕೊಳ್ಳಲಿ, ನಾವು ಇದನ್ನು ನೋಡೋಣ ಎಂದುಕೊಂಡ. ದೋಣಿ ತಿರುಗಿತು. ದೇವರಾಣೆ, ಆಗ ನನಗೆ ಕುಣಿಯುವಷ್ಟು ಸಂತೋಷವಾಯಿತು. ಮುಂದಿನ ದೋಣಿಯವರು ಹಿಂದೆ ತಿರುಗಿ ನೋಡಲಿಲ್ಲ. ತಿಮಿಂಗಿಲದ ಹತ್ತಿರ ಹೋದವರು ಯಾರೂ ತಿರುಗಿ ನೋಡುವುದಿಲ್ಲ. ದೋಣಿ ಮಗುಚಿದರೆ ಜನರನ್ನು ಎತ್ತಿಕೊಳ್ಳಲು ಜೊತೆ ದೋಣಿ ಇರುತ್ತದೆ ಎಂಬ ಧೈರ್ಯದ ಮೇಲೆಯೇ ಅವರು ಹೋಗುವುದು. ಅದೂ ನನಗೆ ಗೊತ್ತಿತ್ತು. ನೀನೇ ಹೇಳಿದ್ದೆ. ಆ ಕ್ಷಣದಲ್ಲಿ ನೆನಪಾಗಲಿಲ್ಲ ಎಂದು ಇಷ್ಟು ವರ್ಷ ನನಗೆ ನಾನೇ ಹೇಳಿಕೊಂಡಿದ್ದೇನೆ. ನೆನಪಾಗಿತ್ತು. ಅದಕ್ಕಿಂತ ದೊಡ್ಡದಾಗಿ ಹೆದರಿಕೆ ಇತ್ತು.

ಅದರ ಬಾಲ ಮೇಲೆದ್ದದ್ದನ್ನು ನೋಡಿದೆ. ಬಿದ್ದದ್ದನ್ನು ನೋಡಲಿಲ್ಲ, ಕಣ್ಣು ಮುಚ್ಚಿಕೊಂಡಿದ್ದೆ. ಕಣ್ಣು ಬಿಟ್ಟಾಗ ದೋಣಿಯಿದ್ದಲ್ಲಿ ಹುಟ್ಟುಗಳು ತೇಲುತ್ತಿದ್ದವು. ದುಪ್ಪಟಿಯನ್ನು ಎಳೆದುಕೊಂಡು ಒಳಗೆ ಓಡಿದೆ, ಮಡಿಸಿ, ಪೆಟ್ಟಿಗೆಯ ತಳಕ್ಕೆ ಹಾಕಿ, ಮೇಲೆ ಕೂತೆ. ಯಂತ್ರದ ದೋಣಿ ಹೋಗಿ ಆರು ಜನರನ್ನು ಎತ್ತಿತು. ಎವಾರಿಸ್ತೊಗೆ ಈಜು ಬರುತ್ತಿರಲಿಲ್ಲ. ಯಾರಿಗೆ ತಾನೇ ಬರುತ್ತಿತ್ತು.

ಬಂದರಿನಲ್ಲಿ ಏನಾಯಿತೆಂದು ನಿನಗೆ ನಾನು ಹೇಳಬೇಕಾಗಿಲ್ಲ. ಸಿಲ್ವಿನೊ ನಿನ್ನ ಅಪ್ಪನ ಕೊರಳಪಟ್ಟಿ ಹಿಡಿದ. "ಪೂರ್ವಕ್ಕೆ ಯಾಕಪ್ಪಾ ಹಾಸಿದೆ? ಏನ್ ಕಂಡಿತ್ತು ನಿಂಗೆ ಅಲ್ಲಿ?" ತೊಮೆ ಮಾವ ಟೋಪಿ ತೆಗೆದು ಕೈಯಲ್ಲಿ ಹಿಡಿದುಕೊಂಡು ಒಂದೇ ಮಾತು ಅಂದರು. "ಕಣ್ಣು ತಪ್ಪಿತು." ನೀನು ಎಲ್ಲರ ಎದುರಿಗೆ ಅವರಿಗೆ ಹೇಳಿದೆ, "ಇನ್ನು ನಿನ್ನ ಮುಖ ನೋಡಲ್ಲ. ನಾನೂ ಕಣ್ಣು ತಪ್ಪಿಸ್ತೀನಿ." ನಾನು ನಿನ್ನ ಪಕ್ಕದಲ್ಲೇ ಇದ್ದೆ, ನಿನ್ನ ಸೊಂಟ ಹಿಡಿದು. ನನ್ನ ಹೊಟ್ಟೆಯೊಳಗೆ ಮಗು ಒದೆಯುತ್ತಿತ್ತು. ಆ ಹೊತ್ತಿಗೆ ನನ್ನನ್ನು ಯಾರೂ ಏನೂ ಕೇಳಲಿಲ್ಲ.

ಅವರಿಂದ ದುರ್ಬೀನು ಕಿತ್ತುಕೊಂಡರು. ಮೂವತ್ತು ಮೈಲಿ ದೂರದ ಉಸಿರನ್ನು ಗುರುತಿಸುತ್ತಿದ್ದವರು ಬೇರೆಯವರ ತೋಟದಲ್ಲಿ ಕಲ್ಲು ಹೆಕ್ಕಿದರು. ನೀನು ಮೂರು ವರ್ಷಕ್ಕೆ ಕೆನಡಾದ ಹಡಗು ಹತ್ತಿದೆ. ಬೆಲ್ಮಿರೊ ಇಡೀ ಜೀವನ ಆ ದಿನ ತಾವು ತಿರುಗಿದ್ದನ್ನೇ ಹೇಳಿಕೊಂಡು ಕೊರಗಿದ, ನಿಮ್ಮ ಮನೆಯ ಮುಂದಿನ ದಾರಿ ಬಿಟ್ಟು ಸುತ್ತುಹಾಕಿ ಚರ್ಚಿಗೆ ಹೋಗುತ್ತಿದ್ದ. ಅವನಿಗೂ ಹೇಳಲಿಲ್ಲ. ಅವನು ಹೋದ ವರ್ಷ ತನ್ನ ಹಾಸಿಗೆಯಲ್ಲಿ, ಮಕ್ಕಳ ನಡುವೆ ಸತ್ತ. ನಾನು ಬೇಡಿದ್ದು ಅದನ್ನೇ. ಬೇಡಿದ್ದು ಪೂರ್ತಿ ಸಿಕ್ಕಿಬಿಟ್ಟಿತಲ್ಲ ಎಂಬುದೇ ನನಗೆ ಎಲ್ಲಕ್ಕಿಂತ ಹೆಚ್ಚಿನ ಭಯ.

ನೀನು ಮಾತ್ರ ನನ್ನ ಮಕ್ಕಳಿಗೆ ಪೆಟ್ಟಿಗೆಗಟ್ಟಲೆ ಬಟ್ಟೆ ಕಳಿಸಿದೆ. ಒಮ್ಮೆ ಎರಡು ಬಿಳಿ ದುಪ್ಪಟಿ ಕಳಿಸಿ, "ಇದನ್ನ ಯಾವ ಗೋಡೆ ಮೇಲೆ ಬೇಕಾದ್ರೂ ಒಣಗಿಸ್ಕೋ, ಈಗ ರೇಡಿಯೋ ಬಂದಿದೆಯಲ್ಲ," ಎಂದು ಬರೆದಿದ್ದೆ. ನೀನು ತಮಾಷೆಗೆ ಬರೆದದ್ದು. ನಾನು ಆ ದುಪ್ಪಟಿಗಳ ಮಡಿಕೆಯನ್ನು ಇವತ್ತಿಗೂ ಬಿಚ್ಚಿಲ್ಲ.

ಎವಾರಿಸ್ತೊನ ಈಟಿ ಹೊತ್ತುಕೊಂಡೇ ಆ ತಿಮಿಂಗಿಲ ಹೋಯಿತಲ್ಲ. ಅವು ಮನುಷ್ಯರಷ್ಟೇ ಕಾಲ ಬದುಕುತ್ತವಂತೆ. ಬೆನ್ನಿನಲ್ಲಿ ಕಬ್ಬಿಣ ಇಟ್ಟುಕೊಂಡು ಅದು ಇನ್ನೂ ಇದೆ, ನಾನು ಮಾಡಿದ್ದು ಅದೊಂದಕ್ಕೇ ಗೊತ್ತು ಎಂದು ಎಷ್ಟೋ ಸಲ ಅನ್ನಿಸಿದೆ. ಬೇಸಿಗೆಯಲ್ಲಿ ಈ ಎರಡು ದ್ವೀಪಗಳ ನಡುವಿನ ನೀರಿನಲ್ಲಿ ಯಾವುದಾದರೂ ಎದ್ದು ಉಸಿರು ಬಿಟ್ಟರೆ ಈಗಲೂ ಕಿಟಕಿ ಮುಚ್ಚುತ್ತೇನೆ.

ಅದೊಂದಕ್ಕೇ ಗೊತ್ತು ಎಂದುಕೊಂಡಿದ್ದೆ. ಹೋದ ಭಾನುವಾರದವರೆಗೆ.

ತಿಮಿಂಗಿಲದ ಕೆಲಸ ಇನ್ನು ಬೇಡವೆಂದು ಮೇಲಿನವರು ಹೇಳಿದ್ದಾರಂತೆ, ಕಾವಲು ಗೂಡಿಗೆ ಬೀಗ ಬೀಳುತ್ತಿದೆ. ಸಿಲ್ವಿನೊನ ಮಗನೇ ಬಂದು ಆ ಹಳೆಯ ದುರ್ಬೀನನ್ನು ತೊಮೆ ಮಾವನ ಮಡಿಲಲ್ಲಿಟ್ಟು ಹೋದ. ಅವರು ಅದನ್ನು ಹಿಡಿದು ಕಿಟಕಿಯಲ್ಲಿ ಕೂತಿದ್ದರು. ಕಾಣುವುದು ಅಷ್ಟರಲ್ಲೇ ಇದೆ, ಬಿಳುಪು ಕಪ್ಪು ಗೊತ್ತಾಗುತ್ತದೆ ಅಷ್ಟೇ. ಸಮುದ್ರದ ಕಡೆಗೆ ಹಿಡಿದಿದ್ದಾರೆ ಎಂದುಕೊಂಡೆ. ಅಲ್ಲ, ಬಂದರಿನಿಂದ ಬರುವ ದಾರಿಯ ಕಡೆಗೆ. ಸಾರಿನ ಬಟ್ಟಲು ನನ್ನ ಕೈಯಲ್ಲೇ ಇತ್ತು. ಕೆಳಗಿಡುವಷ್ಟೂ ತಡೆಯಲಾಗಲಿಲ್ಲ. ಎಲ್ಲ ಹೇಳಿದೆ.

ಅವರು ಸಾರು ತಣ್ಣಗಾಗುತ್ತೆ ಎಂದರು. ಆಮೇಲೆ ಹೇಳಿದರು, "ಅಂಚಿಗೆ ನೀಲಿ ಬಳ್ಳಿ ಇತ್ತಲ್ಲ."

ಬಟ್ಟಲನ್ನು ಕೆಳಗಿಟ್ಟೆ.

"ದೋಣಿ ಮಗುಚಿದ್ಮೇಲೆ, ಎರಡನೇದು ಯಾಕೆ ತಿರುಗಿತ್ತು ಅಂತ ಗೂಡಿಂದ ಹೊರಗೆ ಬಂದೆ. ಕೆಳಗೆ ನೋಡಿದ್ರೆ ನೀನು ದುಪ್ಪಟಿ ಎಳ್ಕೊಂಡು ಓಡ್ತಿದ್ದೆ. ದುರ್ಬೀನಲ್ಲಿ ಬಳ್ಳಿ ಎಲೆ ಎಣಿಸಬಹುದಿತ್ತು ಮಗಳೇ. ನಿನ್ನ ಹೊಟ್ಟೆನೂ ಕಂಡಿತು."

ಯಾಕೆ ಹೇಳಲಿಲ್ಲ ಎಂದು ಕೇಳಿದೆ. ಅವರು ದುರ್ಬೀನಿನ ಪಟ್ಟಿಯನ್ನು ಬೆರಳಿಗೆ ಸುತ್ತಿಕೊಂಡರು. "ಹೇಳಿದ್ರೆ ಊರು ನಿನ್ನನ್ನ ಏನ್ ಮಾಡ್ತಿತ್ತೋ. ಅಲ್ದೆ ಜುಲ್ಮಿರಾಗೆ ಗಂಡ ಹೋಗಿದ್ದ. ಗೆಳತೀನೂ ಹೋಗೋದು ಬೇಡ ಅಂದ್ಕೊಂಡೆ. ಅಪ್ಪನ ಮೇಲೆ ಸಿಟ್ಟು ಮಾಡ್ಕೊಂಡು ಬದುಕಬಹುದು, ಎಷ್ಟು ಮಕ್ಕಳು ಬದುಕಲ್ಲ?" ಕೊನೆಗೆ ನನ್ನ ಕಡೆ ತಿರುಗಿ ಖಂಡಿತವಾಗಿ ಹೇಳಿದರು. "ಅವಳಿಗೆ ಬರೀಬೇಡ. ಈ ದ್ವೀಪದಲ್ಲಿ ಅವಳು ಕಾಗದ ಹಾಕೋದು ನಿನಗೊಬ್ಬಳಿಗೇ. ಅದೂ ನಿಂತ್ರೆ ಅವಳ ಸುದ್ದಿ ನಂಗೆ ಯಾರು ತರ್ತಾರೆ?"

ಮೂವತ್ತು ವರ್ಷ ನಿನ್ನ ಕಾಗದ ಬಂದಾಗೆಲ್ಲ ನಾನು ಅವರಿಗೆ ಓದಿ ಹೇಳುತ್ತಿದ್ದೆ ಜುಲ್ಮಿರಾ, ಅವರ ವಿಷಯ ನೀನು ಬರೆದ ಸಾಲುಗಳನ್ನು ಹಾರಿಸಿ. ಈಸ್ಟರಿನ ಕಾಗದ ಬಂದೇ ಇಲ್ಲ ಎಂದೆ. ಅವರು ನಂಬಿದ ಹಾಗೆ ತಲೆಯಾಡಿಸಿದರು.

ಅವರು ಬೇಡವೆಂದರೂ ಬರೆದಿದ್ದೇನೆ. ನಾಳೆ ಅಂಚೆಗೆ ಹಾಕುವಾಗ ಕಾಲು ಹಿಂದೆಗೆಯುತ್ತದೆ, ಅದೂ ಗೊತ್ತು. ಅದಕ್ಕೆ ಪಾದ್ರಿಗೆ ಈಗಲೇ ಹೇಳಿಟ್ಟಿದ್ದೇನೆ, ನಾಳೆ ನನ್ನ ಕೈಯಿಂದ ಲಕೋಟೆ ಕಿತ್ತುಕೊಳ್ಳಿ ಎಂದು. ನನ್ನನ್ನು ಕ್ಷಮಿಸು ಎಂದು ಕೇಳುವುದಿಲ್ಲ, ಕೇಳುವ ಧೈರ್ಯವಿಲ್ಲ. ಊರಿಗೆಲ್ಲ ಹೇಳು, ಚರ್ಚಿನ ಮೆಟ್ಟಿಲ ಮೇಲೆ ನಿಂತು ಹೇಳು. ನನ್ನ ಮುಖಕ್ಕೆ ಉಗಿ. ಆದರೆ ಕೊಯ್ಲಿಗೆ ಮುಂಚೆ ಬಾ. ಸಿಟ್ಟನ್ನು ಅವರ ಮೇಲಿಂದ ಎತ್ತಿ ನನ್ನ ಮೇಲೆ ಹಾಕು, ಹಾಕಿ ಅವರ ಪಕ್ಕದಲ್ಲಿ ಕೂತುಕೋ.

ನೀನು ಬರುವ ದಿನ ನಾನು ಬಂದರಿಗೆ ಬರುವುದಿಲ್ಲ. ನಿನ್ನ ಹಡಗು ಮೂಲೆ ತಿರುಗಿದ್ದು ನಮ್ಮ ಅಂಗಳದಿಂದ ಕಾಣುತ್ತದೆ. ಆಗ ಪೆಟ್ಟಿಗೆಯ ತಳದ ನೀಲಿ ಬಳ್ಳಿಯ ದುಪ್ಪಟಿಯನ್ನೂ ನೀನು ಕಳಿಸಿದ್ದರಲ್ಲಿ ಒಂದನ್ನೂ ತೆಗೆದು, ನಿಮ್ಮ ಮನೆಯ ಕಿಟಕಿಯ ಎದುರಿನ ಗೋಡೆಯ ಮೇಲೆ ಜೋಡಿಯಾಗಿ ಹಾಸುತ್ತೇನೆ. ಅವರಿಗೆ ಅಕ್ಷರ ಬಾರದಿದ್ದರೂ ಅದನ್ನು ಓದುವುದು ಬರುತ್ತದೆ. ಹತ್ತಿರದಲ್ಲೇ ಇದ್ದಾಳೆ, ನೇರ ಬರುತ್ತಿದ್ದಾಳೆ.

ನಿನ್ನ ದಾರಿಯ ನೀರೆಲ್ಲ ತಣ್ಣಗೆ ಮಲಗಿರಲಿ. ಮೇರಿಯಮ್ಮ ನಿನ್ನನ್ನು ಕಾಯಲಿ, ನೀನು ಬರುವವರೆಗೆ ಅವರನ್ನೂ.

ಗೋಡೆಯ ಈಚೆ, ಹೆದರಿಕೊಂಡೇ ಕಾಯುತ್ತಿರುವ
ಎರ್ಮೆಲಿಂಡಾ