ಸತ್ತವರ ಸರದಿಯ ಪುಸ್ತಕ

ಅಕ್ಟೋಬರ್ 17, ಶುಕ್ರವಾರ

ಸತ್ತ ಮೇಲೂ ಹೆಂಡತಿ ಬರೆಯುವುದನ್ನು ಭುಜದ ಮೇಲಿಂದ ಇಣುಕಿ ಓದುತ್ತೀರಲ್ಲ, ನಾಚಿಕೆಯಾಗುವುದಿಲ್ಲವೇನ್ರೀ?

ಇವತ್ತು ನಿಮ್ಮ ಮೊಬೈಲಿಗೆ ಡಿಜಿಟಲ್ ಲೈಬ್ರರಿಯ ಮೆಸೇಜು ಬಂತು. ಅಲ್ಲಿಯೂ ಒಂದು ಪುಸ್ತಕ ಒಂದು ಸಲಕ್ಕೆ ಒಬ್ಬರಿಗೇ ಅಲ್ಲವೇ, ನೀವು ಕಾಯುತ್ತಿದ್ದ ಕಾದಂಬರಿಗೆ ನಿಮ್ಮ ಸರದಿ ಬಂದಿದೆಯಂತೆ. ಮೊಮ್ಮಗಳು ಭಾನುಪ್ರಿಯ ನಿಮ್ಮ ಹೆಸರನ್ನು ಗಟ್ಟಿಯಾಗಿ ಓದಿದಳು. ನಾನು ತಟ್ಟನೆ ಬಾಗಿಲ ಕಡೆ ನೋಡಿದೆ.

"ತಾತನ ಹೆಸ್ರಲ್ಲೇ ತಕ್ಕೊಂಡು ಓದ್ಬುಡಜ್ಜಿ, ಯಾರ್ ಕೇಳ್ತಾರೆ?"

"ಹಿಂದೆ ಕಾಯ್ತಿರೋರು ಮನುಸ್ರಲ್ವೇನೇ? ನನ್ ಹೆಸ್ರನ್ನ ಕೊನೇಲಿ ಬರ್ಸು" ಎಂದೆ.

ನಿಮ್ಮ ಸರದಿಯನ್ನು ಬಿಟ್ಟುಕೊಟ್ಟೆ. ಮನೆ ಇನ್ನೊಮ್ಮೆ ಖಾಲಿಯಾದಂತಿದೆ, ಆದರೂ ನೀವು ಇಲ್ಲೇ ಇದ್ದೀರಿ. ನನ್ನ ಸರದಿ ಮುಂದಿನ ತಿಂಗಳಂತೆ. ಆಗ ನಿಮಗೂ ಕೇಳುವಂತೆ ಗಟ್ಟಿಯಾಗಿ ಓದಲೋ, ಒಬ್ಬಳೇ ಮನಸ್ಸಿನಲ್ಲಿ ಓದಿಕೊಳ್ಳಲೋ? ತಿಂಗಳು ಹುಟ್ಟುವ ಮೊದಲೇ ಕನಸಿಗೆ ಬಂದು ಹೇಳಿ.