ಅಂಬಮ್ಮ ಅತ್ತೆ ಎರಡನೇ ಟೇಕ್ ಕೊಡಲಿಲ್ಲ

ರಾಯಚೂರು,
೯ ಫೆಬ್ರುವರಿ ೨೦೨೫

ಗ್ಲಾಸ್ಗೋ ಚಳಿಯಲ್ಲಿ ಸ್ವೆಟರ್ ಮೇಲೆ ಸೀರೆ ಉಡುವ ನನ್ನ ಅವ್ವನಿಗೆ,

ಮೊಣಕಾಲು ಹೇಗಿದೆ? ಎಣ್ಣೆ ಹಚ್ಚಿಕೊಳ್ಳುತ್ತೀಯೋ, ಬಾಟಲಿಗೆ ಪೂಜೆ ಮಾಡುತ್ತೀಯೋ? ನಾನು ಚೆನ್ನಾಗಿದ್ದೇನೆ, ಮನಸ್ಸು ಮಾತ್ರ ಒಂದು ಕಡೆ ಕೂರುತ್ತಿಲ್ಲ. ನಾನು ಕಥೆ ಬರೆದರೂ ಸಿನಿಮಾ ತೆಗೆದರೂ ಅಲ್ಲಿಯವರು ‘ನೀನು ಎಲ್ಲಿಯವಳು?’ ಎನ್ನುತ್ತಾರೆ. ಉತ್ತರ ಚಿತ್ರೀಕರಿಸೋಣವೆಂದು ಇಲ್ಲಿಗೆ ಬಂದರೆ ದೇವದುರ್ಗದ ಬಸ್ಸಿನಲ್ಲಿ ಕಂಡಕ್ಟರ್ ಕೂಡ ‘ಯಾವೂರ್ರೀ?’ ಅಂದ. ಪಾಪ, ಟಿಕೆಟ್ಟಿಗೆ ಕೇಳಿದ್ದು. ನಾನು ದಾರಿಯುದ್ದಕ್ಕೂ ಯೋಚಿಸಿದೆ.

ಹೇಳದೆ ಅಪ್ಪನನ್ನು ಮದುವೆಯಾಗಿ ಹೊರಟಾಗಿನಿಂದ ತವರಿನ ಬಾಗಿಲು ನಿನಗೆ ಮುಚ್ಚಿದೆ ಅಂತೀಯಲ್ಲ, ನಾನು ನೋಡಬೇಕಿದ್ದದ್ದೂ ಅದನ್ನೇ. ನನಗಂತೂ ತೆರೆಯಿತು. ನಿನ್ನ ಅತ್ತಿಗೆ ಅಂಬಮ್ಮ, ಅಂದರೆ ನಮ್ಮ ಅತ್ತೆ, ವಾರವಿಡೀ ರೊಟ್ಟಿ, ಪುಂಡಿಪಲ್ಯ ತಿನ್ನಿಸಿದಳು. ನಿನ್ನ ಹೆಸರು ಮಾತ್ರ ಎತ್ತಲಿಲ್ಲ. ನಾನೂ ಕೇಳಲಿಲ್ಲ, ಕ್ಯಾಮೆರಾ ಹಿಂದೆ ನಿಂತರೆ ಪುಕ್ಕಲುತನಕ್ಕೂ ನಿರ್ದೇಶನ ಅಂತ ಹೆಸರು.

ನಿನ್ನೆ ಎಡವಟ್ಟಾಯಿತು. ಹೊರಡುವ ದಿನ ಇನ್ನೂ ದೂರವಿತ್ತು. ಬೆಳಕು ಚೆನ್ನಾಗಿದೆ, ಉಡಿ ತುಂಬುವುದನ್ನು ಈಗಲೇ ತೆಗೆದುಬಿಡೋಣ ಅಂದೆ. ಅತ್ತೆ ನನ್ನ ಸೆರಗಿಗೆ ಅಕ್ಕಿ, ಕೊಬ್ಬರಿ ಬಟ್ಟಲು, ಉತ್ತತ್ತಿ, ಕುಪ್ಪಸದ ಕಣ ಹಾಕಿ ಕಣ್ಣೊರೆಸಿಕೊಂಡಳು. ಮದುವೆ ವಿಡಿಯೊ ತೆಗೆಯುವ ಮಾನ್ವಿಯ ಪರ್ವೇಜ್, ನನ್ನ ಕ್ಯಾಮೆರಾಮನ್, ಆಗಲೇ ‘ಮೇಡಂ, ಫೋಕಸ್ ಹೋತ್ರೀ’ ಅನ್ನಬೇಕೆ? ನಾನು ಅಕ್ಕಿಯನ್ನು ಮೊರಕ್ಕೆ ಸುರಿಯಹೋಗಿ ‘ಅತ್ತೀ, ಇನ್ನೊಂದ್ಸಲ’ ಅಂದೆ. ಅತ್ತೆ ಕೈ ಹಿಡಿದಳು. ಟೇಕ್ ಕೇಳಿದವಳಿಗೆ ಸಿಕ್ಕಿದ್ದು ಟೀಕೆ: ‘ಏನ್ ನಾಟಕ ಹಚ್ಚೀ ಬೇ? ಉಡಿ ತುಂಬಿದ ಮ್ಯಾಲ ಮನಿಮಗಳು ಹೊಸ್ತಿಲ ದಾಟಬೇಕು. ಮತ್ತ ಒಳಗ ಹೆಂಗ ಕುಂದ್ರತಿ?’ ನನ್ನ ಸೂಟ್‌ಕೇಸನ್ನು ತಾನೇ ಕಟ್ಟೆಯ ಮೇಲಿಟ್ಟಳು.

ಹೀಗೆ ಅಕ್ಕಿ ಕಟ್ಟಿಕೊಂಡು ಈ ಲಾಡ್ಜಿಗೆ ಬಂದಿದ್ದೇನೆ. ಕಿಟಕಿ ತೆರೆದರೆ ಹಾರ್ನು, ಮುಚ್ಚಿದರೆ ಸೆಕೆ. ಮನೆಮಗಳು ಅಂದದ್ದಕ್ಕೆ ಹಿಗ್ಗಲೋ, ಹೊರಗಟ್ಟಿದ್ದಕ್ಕೆ ಅಳಲೋ ತಿಳಿಯದೆ ಮಂಚಕ್ಕೂ ಬಾಗಿಲಿಗೂ ಅಡ್ಡಾಡುತ್ತಿದ್ದೇನೆ.

ಅಪ್ಪನಿಗೆ ನಮಸ್ಕಾರ, ನಿನ್ನ ಅಳಿಯನಿಗೆ ಗಿಡಕ್ಕೆ ನೀರು ಹಾಕಲು ಹೇಳು.

ನಿನ್ನ ತಲೆಹರಟೆ,
ಕಾವ್ಯಾ

ತಾ.ಕ.: ಇದನ್ನು ಬರೆಯಲು ಹೆದರಿ ಇಷ್ಟೆಲ್ಲ ಹರಟಿದೆ. ಬಸ್ಸು ಹೊರಡುವಾಗ ಅತ್ತೆ ಕಿಟಕಿಗೆ ಬಂದಳು. ‘ನಿಮ್ಮವ್ವ ಉಡಿ ತುಂಬಿಸ್ಕೊಳ್ದ ಹೋದಾಕಿ. ಅಕಿ ಇನ್ನಾ ಈ ಮನಿ ಬಿಟ್ಟಿಲ್ಲ ಅಂತ ಹೇಳು. ಬಂದು, ನಾಕ ದಿನ ಇದ್ದು, ತುಂಬಿಸ್ಕೊಂಡು ಹೋಗಲಿ.’ ಕ್ಯಾಮೆರಾ ಚೀಲದೊಳಗಿತ್ತು. ಅವ್ವಾ, ನಿನ್ನ ಪಾಸ್‌ಪೋರ್ಟ್ ಎಲ್ಲಿಟ್ಟಿದ್ದೀ?