ಗಡಿಯಾರದಂಗಡಿಯ ಬೋರ್ಡು

ಮಾರ್ಚ್ ೧೪

ಮುದ್ದು ಮಗಳೇ,

ನಾನು, ನಿನ್ನಮ್ಮ ಚೆನ್ನಾಗಿದ್ದೇವೆ. ಉತ್ತರ ತಡವಾಯಿತು, ಬೈಯಬೇಡ. ‘ಸೋದರಮಾವನನ್ನು ಜೈಲಿಗೆ ಕಳಿಸಿ ನಿಮಗೆ ಊಟ ಹೇಗೆ ಸೇರುತ್ತೆ ಅಪ್ಪಾ?’ ಎಂದು ಬರೆದಿದ್ದೆಯಲ್ಲ, ಓದಿ ಕೋಪ ನೆತ್ತಿಗೇರಿತ್ತು. ಕಣ್ಣಾರೆ ಕಂಡದ್ದನ್ನು ಪೊಲೀಸರಿಗೆ ಹೇಳಿದ್ದು ತಪ್ಪೇ ಎಂದು ಮುಖ ಊದಿಸಿಕೊಂಡು ಕೂತೆ. ನಿನ್ನಮ್ಮನಂತೂ ತಮ್ಮನನ್ನು ಹಿಡಿದುಕೊಂಡು ಹೋದಂದಿನಿಂದ ನನ್ನೊಡನೆ ಮಾತೇ ಬಿಟ್ಟಿದ್ದಳು.

ನಾನು ಕಂಡದ್ದು ಇಷ್ಟು. ನನ್ನ ಕ್ಷೌರದಂಗಡಿಯ ಎದುರಿನ ಗಡಿಯಾರದಂಗಡಿಯವನ ತಲೆಗೆ ಹಿಂದಿನಿಂದ ಹೊಡೆದು, ಮುಖಕ್ಕೆ ಬಟ್ಟೆ ಸುತ್ತಿಕೊಂಡ ಒಬ್ಬ ಹೊರಗೋಡಿದ. ಎಡಗೈಯಲ್ಲಿ ಸ್ಪ್ಯಾನರ್ ಇತ್ತು. ಕೂಗು ಕೇಳಿ ತಿರುಗಿ ನೋಡಿದೆ ಎಂದು ಹೇಳಿಕೆ ಕೊಟ್ಟೆ. ನಮ್ಮ ಬೀದಿಯಲ್ಲಿ ಎಡಚ ಮೆಕ್ಯಾನಿಕ್ ಎಂದರೆ ನಿನ್ನ ಮಾವ ಒಬ್ಬನೇ ತಾನೇ?

ಮೊನ್ನೆ ಮೇಷ್ಟ್ರ ಗಡ್ಡ ಕೆರೆಯುತ್ತಾ ಅದನ್ನೇ ಹೇಳುತ್ತಿದ್ದೆ. “ಅವತ್ತೂ ಈ ಕುರ್ಚೀಲಿ ನಾನೇ ಕೂತಿದ್ದೆ ಕಣಯ್ಯಾ. ನೀನು ತಿರುಗಿದ್ರೆ ನನ್ನ ಗಂಟಲು ಉಳೀತಿತ್ತಾ?” ಎಂದು ನಕ್ಕರು. ನನ್ನ ಕೈ ನಿಂತುಹೋಯಿತು. ಗಿರಾಕಿಯ ಗಂಟಲ ಮೇಲೆ ಕತ್ತಿಯಿಟ್ಟುಕೊಂಡು ಯಾವ ಕ್ಷೌರಿಕ ತಿರುಗುತ್ತಾನೆ? ಕಣ್ಣು ಮುಚ್ಚಿ ನೆನೆದೆ. ಓಡುವವನ ಹಿಂದೆ ಗಡಿಯಾರದಂಗಡಿಯ ಬೋರ್ಡು ಕಂಡಿತು, ಅಕ್ಷರಗಳೆಲ್ಲ ತಿರುಗುಮುರುಗು. ನಾನು ನೋಡಿದ್ದು ಬೀದಿಯನ್ನಲ್ಲ ಮಗಳೇ, ನನ್ನ ಅಂಗಡಿಯ ಕನ್ನಡಿಯನ್ನು. ಸ್ಪ್ಯಾನರ್ ಇದ್ದದ್ದು ಬಲಗೈಯಲ್ಲಿ!

ಅರ್ಧ ಗಡ್ಡದ ಮೇಷ್ಟ್ರನ್ನೇ ಎಳೆದುಕೊಂಡು ಠಾಣೆಗೆ ಓಡಿದೆ. “ಏನ್ರೀ, ಸಾಕ್ಷಿ ಹೇಳೋದು ಅಂದ್ರೆ ಹುಡುಗಾಟ ಅಂದ್ಕೊಂಡ್ರಾ?” ಎಂದು ಇನ್ಸ್‌ಪೆಕ್ಟರ್ ರೇಗಿದರು. ಆದರೂ ಅಂಗಡಿಗೆ ಬಂದು, ಲಾಠಿ ಹಿಡಿದ ಪೇದೆಯೊಬ್ಬನನ್ನು ಬೀದಿಯಲ್ಲಿ ಓಡಿಸಿ, ತಾವೇ ಕುರ್ಚಿಯಲ್ಲಿ ಕೂತು ನೋಡಿದರು. ಕನ್ನಡಿಯಲ್ಲಿ ಎಡಗೈ, ತಿರುಗಿದರೆ ಬಲಗೈ. ನನ್ನ ಮಾತು ಬಿಟ್ಟರೆ ಬೇರೆ ಸಾಕ್ಷಿ ಇರಲಿಲ್ಲ. ಮರುದಿನ ನಿನ್ನ ಮಾವನನ್ನು ಬಿಟ್ಟರು. ಹೊಡೆದವನು ಯಾರೆಂದು ಇನ್ನೂ ಗೊತ್ತಾಗಿಲ್ಲ, ತನಿಖೆ ಮೊದಲಿನಿಂದ ಶುರುವಾಗಿದೆ. ಗಡಿಯಾರದವನು ಚೇತರಿಸಿಕೊಳ್ಳುತ್ತಿದ್ದಾನೆ.

ಪುಟ್ಟಿಗೆ ತಾತನ ಮುತ್ತು. ನಿನ್ನ ಮನೆ ತುಂಬ ನಗು ಇರಲಿ. ಈ ಅಪ್ಪನ ಮೇಲಿನ ಸಿಟ್ಟು ಬಿಡು.

ಇಂತು,
ನಿನ್ನ ಅಪ್ಪ

ತಾ.ಕ.: ನಿನ್ನೆ ನಿನ್ನ ಮಾವ ಗಡ್ಡ ಮಾಡಿಸಿಕೊಳ್ಳಲು ಬಂದಿದ್ದ. “ಆಗಿದ್ದಾಯ್ತು ಬಿಡಿ ಭಾವ” ಎಂದ. ಮೊದಲೆಲ್ಲ ನಾನು ನೊರೆ ಹಚ್ಚುವಷ್ಟರಲ್ಲಿ ಗೊರಕೆ ಹೊಡೆಯುತ್ತಿದ್ದವನು, ನಿನ್ನೆ ಕೊನೆಯವರೆಗೂ ಕಣ್ಣು ಮುಚ್ಚಲಿಲ್ಲ. ಕನ್ನಡಿಯಲ್ಲಿ ನನ್ನ ಕತ್ತಿಯ ಕೈಯನ್ನೇ ನೋಡುತ್ತಿದ್ದ.